ಮುಖ ತೊಳೆಯುವ ಸಿಪಾಯಿ

ಕಳೆದ ಬೇಸಿಗೆಯ ಒಂದು ಸಂಜೆ, ನೀರಮಾನ್ವಿಯ ನಮ್ಮ ಮನೆಯಲ್ಲಿ ಕುಳಿತು 1898ರ ಮೂಕಿ ಚಿತ್ರವೊಂದನ್ನು ಗಣಕದಲ್ಲಿ ನೋಡಿದೆ. ಎಡಿಸನ್ ಕಂಪೆನಿ ತೆಗೆದ ಪುಟ್ಟ ತುಣುಕು. ಸ್ಪೇನ್ ವಿರುದ್ಧದ ಯುದ್ಧದ ಹೊತ್ತಿನ ಅಮೆರಿಕದ ಪದಾತಿಗಳು ಬೆಳಿಗ್ಗೆದ್ದು ಮುಖ ತೊಳೆಯುತ್ತಾರೆ, ಅಷ್ಟೇ. ಅದೇ ವರ್ಷದ ಮತ್ತೊಂದರಲ್ಲಿ ಹೊಸದಾಗಿ ಸೇರಿದವನೊಬ್ಬನನ್ನು ಕಂಬಳಿಯಲ್ಲಿ ಹಾಕಿ ಮೇಲಕ್ಕೆ ಚಿಮ್ಮಿಸುತ್ತಾರೆ.

ಇದರಲ್ಲೇನು ವಿಶೇಷ ಎನ್ನಬಹುದು. ಆದರೆ ಅದೇ ಕಂಪೆನಿ, ಕ್ಯೂಬಾದ ಬಂಡಾಯಗಾರರಿಗೆ ಗುಂಡಿಕ್ಕುವ ದೃಶ್ಯವನ್ನು ನಟರಿಂದ ಆಡಿಸಿ ಚಿತ್ರಿಸಿತ್ತು. 1915ರಲ್ಲಿ ಫ್ರಾನ್ಸಿನಲ್ಲಿದ್ದ ಭಾರತೀಯ ಸೈನಿಕರನ್ನು ಸೆರೆಹಿಡಿದ ಗರ್ಡ್‌ವುಡ್ ಕೂಡ ದಾಳಿಯ ದೃಶ್ಯಗಳನ್ನು ಹೊಂದಿಸಿಯೇ ತೆಗೆದ. ಕದನವನ್ನು ನಟಿಸಬಹುದು; ಮುಖ ತೊಳೆಯುವುದನ್ನು ನಟಿಸುವ ಅಗತ್ಯವೇ ಇರಲಿಲ್ಲ. ಸತ್ಯ ಉಳಿದದ್ದು ಅಲ್ಲಿಯೇ.

ನಮ್ಮ ನೆಲಕ್ಕೂ ಈ ಮಾತು ಹೊಸದಲ್ಲ. 1520ರ ರಾಯಚೂರು ಯುದ್ಧವೆಂದರೆ ಕೃಷ್ಣದೇವರಾಯನ ಗೆಲುವು ಎಂದಷ್ಟೇ ಶಾಲೆಯಲ್ಲಿ ಓದಿದೆವು. ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್‌ನ ಬರಹದಲ್ಲಾದರೋ ನೀರು ಹೊರುವವರು, ಅಗಸರು, ಪಾಳೆಯದ ಅಂಗಡಿಬೀದಿಗಳೂ ಕಾಣುತ್ತವೆ. ನಮ್ಮ ವೀರಗಲ್ಲುಗಳು ಕಾದಿ ಮಡಿದವನನ್ನು ಕೈಲಾಸಕ್ಕೇರಿಸುತ್ತವೆ. ಅವನು ಹಿಂದಿನ ರಾತ್ರಿ ಏನುಂಡನೆಂದು ಹೇಳುವುದಿಲ್ಲ.

ಆ ಅಮೆರಿಕನ್ ತುಣುಕುಗಳು ಉಳಿದ ಬಗೆಯೂ ಸ್ವಾರಸ್ಯಕರ. ಅಲ್ಲಿನ ಕಾನೂನಿನಲ್ಲಿ 1912ರವರೆಗೆ ಚಲನಚಿತ್ರಕ್ಕೆ ಪ್ರತ್ಯೇಕ ಹಕ್ಕುಸ್ವಾಮ್ಯವಿರಲಿಲ್ಲ. ಹಾಗಾಗಿ ಚಿತ್ರಗಳನ್ನು ಕಾಗದದ ಸುರುಳಿಗೆ ಮುದ್ರಿಸಿ, ಛಾಯಾಚಿತ್ರಗಳೆಂದು ನೋಂದಾಯಿಸುತ್ತಿದ್ದರು. ಬೇಗ ಹೊತ್ತಿಕೊಳ್ಳುವ, ಕೊಳೆಯುವ ನೈಟ್ರೇಟ್ ರೀಲುಗಳು ಅಸಂಖ್ಯ ನಾಶವಾದವು. ಲೈಬ್ರರಿ ಆಫ್ ಕಾಂಗ್ರೆಸ್‌ಗೆ ಸೇರಿದ ಆ ಕಾಗದ ಬದುಕಿತು. ಯಾರೋ ಗುಮಾಸ್ತರು ದಾಖಲಿಸಿದ್ದರಿಂದ ಒಂದು ಬೆಳಗು ಉಳಿಯಿತು.

1956ರವರೆಗೆ ಈ ಸೀಮೆ ಹೈದರಾಬಾದಿಗೆ ಸೇರಿತ್ತು. ಮೊದಲ ಮಹಾಯುದ್ಧದಲ್ಲಿ ಹೈದರಾಬಾದ್ ಮತ್ತು ಮೈಸೂರು ಲ್ಯಾನ್ಸರ್‌ಗಳು ಈಜಿಪ್ಟ್, ಪ್ಯಾಲೆಸ್ಟೈನ್‌ಗಳಲ್ಲಿ ಹೋರಾಡಿದರು. ದೆಹಲಿಯ ತೀನ್‌ಮೂರ್ತಿಯಲ್ಲಿ ಅವರಿಗೆ, ಜೋಧಪುರದವರ ಜೊತೆ, ಕಂಚಿನ ಪ್ರತಿಮೆಗಳಿವೆ. ಆದರೆ ಅವರ ರೊಟ್ಟಿ, ಹಾಸಿಗೆ, ನಗೆಗಳ ನೆನಪು ಯಾವ ಕಂಚಿನಲ್ಲಿದೆ?

ನಮ್ಮ ಅಜ್ಜನ ಟ್ರಂಕಿನಲ್ಲಿ ಸಿಪಾಯಿಯೊಬ್ಬನ ಫೋಟೊ ಇದೆ. ಹೆಗಲ ಮೇಲೆ ಟವೆಲ್, ಕೈಯಲ್ಲಿ ತಂಬಿಗೆ. ತಿರುಗಿಸಿದರೆ ಹಿಂಬದಿ ಖಾಲಿ. ಹೆಸರು ಬಲ್ಲವರು ಮನೆಯಲ್ಲಿ ಯಾರೂ ಉಳಿದಿಲ್ಲ. ಅವರಿದ್ದಾಗ ನಾನು ಕೇಳಲಿಲ್ಲ. ನಿಮ್ಮ ಮನೆಯಲ್ಲೂ ಅಂಥದೊಂದು ಇದ್ದೀತು. ಹೇಳುವ ಹಿರಿಯರು ಇರುವಾಗಲೇ, ಪೆನ್ಸಿಲಿನಲ್ಲಾದರೂ ಹಿಂದೆ ಒಂದು ಹೆಸರು ಬರೆದಿಡಿ.