ಶನಿವಾರ ನಿಂತ ಗಾಣ

ಮಹಾರಾಷ್ಟ್ರದ ಕಡಲ ದಂಡೆಯಲ್ಲಿ ಕೊಂಕಣ ಸೀಮೆ ಇದೆ. ಅಲಿಬಾಗ್, ಪೆಣ್, ರೋಹಾ ಅಲ್ಲಿನ ಊರುಗಳು. ಹಿಂದೆ ಆ ಸೀಮೆಯ ಹಳ್ಳಿಗಳಲ್ಲಿ ಕೆಲವು ಗಾಣದ ಮನೆಗಳಿದ್ದವು. ವಾರವೆಲ್ಲ ಎತ್ತು ಸುತ್ತುತ್ತಿತ್ತು. ಎಣ್ಣೆ ಇಳಿಯುತ್ತಿತ್ತು. ಶನಿವಾರ ಮಾತ್ರ ಗಾಣ ನಿಲ್ಲುತ್ತಿತ್ತು. ಆಳಿಗೂ ಬಿಡುವು, ಎತ್ತಿಗೂ ಬಿಡುವು. ಊರವರು ಆ ಮನೆಯವರನ್ನು ‘ಶನಿವಾರ್ ತೇಲಿ’ ಅಂತ ಕರೆದರು. ಅಂದರೆ ಶನಿವಾರ ಕೆಲಸ ಮಾಡದ ಗಾಣಿಗರು.

ಅವರ ಮನೆಮಾತು ಮರಾಠಿ. ಹೆಂಗಸರು ಸೀರೆ ಉಡುತ್ತಿದ್ದರು. ಕೊರಳಲ್ಲಿ ಕರಿಮಣಿ, ಕೈತುಂಬ ಬಳೆ. ಮದುವೆಗೆ ಮೊದಲು ಮದುಮಗಳ ಕೈಗೆ ಮದರಂಗಿ. ನೋಡಿದರೆ ಪಕ್ಕದ ಮನೆಯವರ ಹಾಗೇ ಇದ್ದರು. ಆದರೆ ಅವರು ಹಿಂದೂಗಳಲ್ಲ. ಮುಸ್ಲಿಮರಲ್ಲ. ಕ್ರೈಸ್ತರೂ ಅಲ್ಲ. ಅವರು ಯೆಹೂದಿಗಳು.

ಯೆಹೂದಿಗಳು ಅಂದರೆ ಯಾರು?

ಯೆಹೂದಿಗಳದು ಬಹಳ ಹಳೆಯ ಧರ್ಮ. ದೇವರು ಒಬ್ಬನೇ ಎಂದು ಅದು ಹೇಳುತ್ತದೆ. ಅದರಲ್ಲಿ ಮೂರ್ತಿ ಪೂಜೆ ಇಲ್ಲ. ಅವರ ಪವಿತ್ರ ಗ್ರಂಥ ತೋರಾ. ಅದರ ಭಾಷೆ ಹೀಬ್ರೂ. ಅವರು ಸೇರಿ ಪ್ರಾರ್ಥನೆ ಮಾಡುವ ಮನೆಗೆ ಸಿನಗಾಗ್ ಎನ್ನುತ್ತಾರೆ. ಯೇಸು ಕ್ರಿಸ್ತ ಹುಟ್ಟಿದ್ದೂ ಯೆಹೂದಿ ಮನೆಯಲ್ಲೇ.

ಅವರ ಮೂಲ ನಾಡು ಜೆರುಸಲೇಮ್ ಊರಿನ ಸುತ್ತಮುತ್ತ. ಅಲ್ಲಿ ಅವರ ದೊಡ್ಡ ದೇವಾಲಯ ಇತ್ತು. ಕ್ರಿ.ಶ. 70ರಲ್ಲಿ ರೋಮ್ ದೊರೆಗಳ ಸೈನ್ಯ ಅದನ್ನು ಕೆಡವಿ ಹಾಕಿತು. ಅದಕ್ಕೂ ಮೊದಲೇ ಕೆಲವರು ದೂರ ದೂರ ಹೋಗಿದ್ದರು. ಆಮೇಲೆ ಇನ್ನೂ ಅನೇಕರು ಚದುರಿದರು. ಇಂದು ಲೋಕದಲ್ಲಿ ಸುಮಾರು ಒಂದೂವರೆ ಕೋಟಿ ಯೆಹೂದಿಗಳಿದ್ದಾರೆ. ಹೆಚ್ಚಿನವರು ಇರುವುದು ಇಸ್ರೇಲ್ ಮತ್ತು ಅಮೆರಿಕ ದೇಶಗಳಲ್ಲಿ.

ಯೆಹೂದಿಗಳಿಗೆ ವಾರದ ಏಳನೇ ದಿನ ವಿಶ್ರಾಂತಿಯ ದಿನ. ಅದಕ್ಕೆ ಸಬ್ಬತ್ ಅನ್ನುತ್ತಾರೆ. ಶುಕ್ರವಾರ ಹೊತ್ತು ಮುಳುಗಿದರೆ ಸಬ್ಬತ್ ಶುರು. ಅದಕ್ಕೆ ಮೊದಲು ಮನೆಯಲ್ಲಿ ದೀಪ ಹಚ್ಚಬೇಕು. ಸಾಮಾನ್ಯವಾಗಿ ಈ ದೀಪ ಹಚ್ಚುವವಳು ಮನೆಯ ಹೆಂಗಸು. ಯುರೋಪಿನಲ್ಲಿ ಆಕೆ ಮೇಣದ ಬತ್ತಿ ಹಚ್ಚಿದಳು. ಕೇರಳದಲ್ಲಿ ತೆಂಗಿನೆಣ್ಣೆ ದೀಪ ಹಚ್ಚಿದಳು. ದೀಪ ಬೇರೆ ಬೇರೆ, ಸಂಜೆ ಒಂದೇ.

ಒಂದು ಹೆಸರು, ಹಲವು ಬಗೆ

ಯೆಹೂದಿಗಳೆಲ್ಲ ಒಂದೇ ಥರ ಇಲ್ಲ. ಹಿಂದೆ ಪೋಲೆಂಡಿನವರ ಮಾತು ಯಿಡ್ಡಿಷ್ ಆಗಿತ್ತು. ಯೆಮೆನ್ ದೇಶದವರ ಮಾತು ಅರಬ್ಬಿ ಆಗಿತ್ತು. ಆಫ್ರಿಕಾದ ಇಥಿಯೋಪಿಯದಲ್ಲಿ ಕಪ್ಪು ಬಣ್ಣದ ಯೆಹೂದಿಗಳಿದ್ದಾರೆ. ಕೆಲವರು ಸಬ್ಬತ್ ದಿನ ವಾಹನ ಹತ್ತುವುದಿಲ್ಲ. ಕೆಲವರು ಅಷ್ಟು ಕಟ್ಟುನಿಟ್ಟು ಮಾಡುವುದಿಲ್ಲ. ಇನ್ನು ಕೆಲವರಿಗೆ ದೇವರಲ್ಲಿ ನಂಬಿಕೆಯೇ ಇಲ್ಲ. ಆದರೂ ನಾವು ಯೆಹೂದಿಗಳೇ ಅನ್ನುತ್ತಾರೆ.

ಅವರ ಧರ್ಮಗುರುವಿಗೆ ರಬ್ಬಿ ಎಂದು ಹೆಸರು. ಹಿಂದೆ ಗಂಡಸರು ಮಾತ್ರ ರಬ್ಬಿ ಆಗುತ್ತಿದ್ದರು. 1935ರಲ್ಲಿ ಜರ್ಮನಿಯಲ್ಲಿ ರೆಗಿನಾ ಯೋನಾಸ್ ಎಂಬ ಹೆಂಗಸು ಓದಿ ರಬ್ಬಿ ಆದರು. ಈಗ ಕೆಲವು ಪಂಗಡಗಳಲ್ಲಿ ಹೆಣ್ಣು ರಬ್ಬಿಗಳು ಬಹಳ ಇದ್ದಾರೆ. ಕೆಲವು ಪಂಗಡಗಳು ಇನ್ನೂ ಒಪ್ಪಿಲ್ಲ.

ಆಗ ಜರ್ಮನಿಯನ್ನು ಹಿಟ್ಲರ್ ಆಳುತ್ತಿದ್ದ. ಅವನಿಗೆ ಯೆಹೂದಿಗಳೆಂದರೆ ದ್ವೇಷ. ಎರಡನೇ ಮಹಾಯುದ್ಧದ ಕಾಲದಲ್ಲಿ ಅವನ ಸರ್ಕಾರ ಸುಮಾರು 60 ಲಕ್ಷ ಯೆಹೂದಿಗಳನ್ನು ಕೊಂದಿತು. ಹಸುಗೂಸುಗಳನ್ನೂ ಬಿಡಲಿಲ್ಲ. ಪೂಜೆ ಮಾಡುವವರು, ಮಾಡದವರು ಅಂತ ನೋಡಲಿಲ್ಲ. ರೆಗಿನಾ ಯೋನಾಸ್ ಕೂಡ 1944ರಲ್ಲಿ ಕೊಲೆಯಾದರು. ಒಂದು ಜನರನ್ನೆಲ್ಲ ಒಂದೇ ಹಗ್ಗದಲ್ಲಿ ಕಟ್ಟಿ ‘ಇವರೆಲ್ಲ ಕೆಟ್ಟವರು’ ಅಂದರೆ ಏನಾಗುತ್ತದೆ ಎಂಬುದಕ್ಕೆ ಇದೇ ಸಾಕ್ಷಿ.

ಟಿಪ್ಪುವಿನ ತಾಯಿಯ ಕಥೆ

ಮತ್ತೆ ನಮ್ಮ ದೇಶಕ್ಕೆ ಬರೋಣ. ಕೊಂಕಣದ ಯೆಹೂದಿಗಳು ತಮ್ಮನ್ನು ಬೆನೆ ಇಸ್ರೇಲ್ ಅಂತ ಕರೆದುಕೊಳ್ಳುತ್ತಾರೆ. ಇಸ್ರೇಲನ ಮಕ್ಕಳು ಅಂತ ಅದರ ಅರ್ಥ. ಬಹಳ ಹಿಂದೆ ಒಂದು ಹಡಗು ಒಡೆಯಿತಂತೆ. ಏಳು ಗಂಡಸರು, ಏಳು ಹೆಂಗಸರು ಬದುಕಿ ದಡ ಸೇರಿದರಂತೆ. ಅವರೇ ನಮ್ಮ ಹಿರಿಯರು ಅನ್ನುತ್ತಾರೆ. ಪೆಣ್ ಊರಿನವರು ಪೆಣ್ಕರ್ ಆದರು. ರೋಹಾ ಊರಿನವರು ರೋಹೇಕರ್ ಆದರು. ಹರಕೆ ತೀರಿಸುವಾಗ ಅವರು ‘ಮಲಿದಾ’ ಮಾಡುತ್ತಾರೆ. ಅದು ಅವಲಕ್ಕಿ, ತೆಂಗಿನಕಾಯಿ ತುರಿ, ಸಿಹಿ ಸೇರಿಸಿ ಮಾಡುವ ಪ್ರಸಾದ. ಬೇರೆ ದೇಶದ ಯೆಹೂದಿಗಳಿಗೆ ಇದು ಗೊತ್ತಿಲ್ಲ.

ಅವರಲ್ಲಿ ಸ್ಯಾಮ್ಯುಯೆಲ್ ದಿವೇಕರ್ ಎಂಬ ಸೈನಿಕ ಇದ್ದ. ಇಂಗ್ಲಿಷರ ಕಂಪನಿಯ ಸೈನ್ಯದಲ್ಲಿ ಇದ್ದವನು. ಯುದ್ಧದಲ್ಲಿ ಟಿಪ್ಪು ಸುಲ್ತಾನನ ಕಡೆಯವರಿಗೆ ಸೆರೆ ಸಿಕ್ಕನಂತೆ. ಸೆರೆಯಾಳು ಬೆನೆ ಇಸ್ರೇಲ್ ಎಂದು ಟಿಪ್ಪುವಿನ ತಾಯಿಗೆ ಗೊತ್ತಾಯಿತಂತೆ. ಆ ಹೆಸರು ಕುರಾನಿನಲ್ಲಿದೆ. ಇವರನ್ನು ಕೊಲ್ಲಬೇಡ ಅಂತ ಆಕೆ ಮಗನಿಗೆ ಹೇಳಿದರಂತೆ. ಇದು ಬೆನೆ ಇಸ್ರೇಲರು ಹೇಳಿಕೊಂಡು ಬಂದ ಕಥೆ. ದಿವೇಕರ್ 1796ರಲ್ಲಿ ಮುಂಬಯಿಯಲ್ಲಿ ಸಿನಗಾಗ್ ಕಟ್ಟಿಸಿದ. ಇದು ಮಾತ್ರ ಕಥೆಯಲ್ಲ. ಆ ಸಿನಗಾಗ್ ಈಗಲೂ ಇದೆ.

ಕೊಚ್ಚಿಯ ಹಾಡಿನ ಪುಸ್ತಕ

ಕೇರಳದ ಯೆಹೂದಿಗಳೇ ಬೇರೆ. ಅವರ ಮನೆಮಾತು ಮಲಯಾಳ. ಸಾವಿರ ವರ್ಷದ ಹಿಂದೆ ಅಲ್ಲಿನ ರಾಜ ಜೋಸೆಫ್ ರಬ್ಬಾನ್ ಎಂಬ ಯೆಹೂದಿ ಮುಖಂಡನಿಗೆ ತಾಮ್ರದ ಶಾಸನ ಬರೆಸಿಕೊಟ್ಟ. ಕೊಚ್ಚಿಯ ಮಟ್ಟಾಂಚೇರಿಯಲ್ಲಿ 1568ರಲ್ಲಿ ಕಟ್ಟಿದ ಸಿನಗಾಗ್ ಇದೆ. ಅದರ ಪಕ್ಕದಲ್ಲೇ ರಾಜನ ಅರಮನೆ.

ಅಲ್ಲಿನ ಹೆಂಗಸರು ಮದುವೆ, ಹಬ್ಬಗಳಲ್ಲಿ ಮಲಯಾಳದಲ್ಲಿ ಹಾಡುತ್ತಿದ್ದರು. ಗಂಡಸರ ಮುಂದೆಯೂ ಹಾಡುತ್ತಿದ್ದರು. ಬೇರೆ ಎಷ್ಟೋ ಕಡೆ ಯೆಹೂದಿ ಹೆಂಗಸರಿಗೆ ಇದಕ್ಕೆ ಒಪ್ಪಿಗೆ ಇರಲಿಲ್ಲ. ಹಾಡುಗಳನ್ನು ಅವರು ತಮ್ಮ ಕೈಯಾರೆ ನೋಟ್ ಪುಸ್ತಕದಲ್ಲಿ ಬರೆದಿಟ್ಟರು. ತಾಯಿ ಬರೆದದ್ದು ಮಗಳ ಕೈಗೆ ಬಂತು. ಹಾಗಾಗಿ ಹಾಡುಗಳು ಉಳಿದವು. ಅಕ್ಷರ ಕಲಿತ ಕೈ ಎಂಥ ಕೆಲಸ ಮಾಡಿತು ನೋಡಿ!

ನೀನು ನಮ್ಮವನಲ್ಲ ಅಂದಾಗ

ಆದರೆ ಅಲ್ಲೂ ಮೇಲು ಕೀಳು ಇತ್ತು. ಮಟ್ಟಾಂಚೇರಿಯ ಕೆಲವು ಮನೆತನಗಳಿಗೆ ‘ನೀವು ಗುಲಾಮರ ವಂಶದವರು’ ಎನ್ನುತ್ತಿದ್ದರು. ಸಿನಗಾಗಿನಲ್ಲಿ ಅವರಿಗೆ ಸಮನಾದ ಜಾಗ ಕೊಡಲಿಲ್ಲ. ಆ ಮನೆತನದಲ್ಲಿ ಎ. ಬಿ. ಸಾಲೆಂ ಹುಟ್ಟಿದರು. ಓದಿ ವಕೀಲರಾದರು. ಗಾಂಧೀಜಿಯ ದಾರಿ ಹಿಡಿದರು. ತಮ್ಮ ಜನರ ಸಿನಗಾಗಿನಲ್ಲೇ ಸತ್ಯಾಗ್ರಹ ಮಾಡಿದರು. ಕಾಲ ಹಿಡಿಯಿತು. ಆದರೆ ತಾರತಮ್ಯ ಸಡಿಲವಾಯಿತು. ಅದೇ ಬಳಗದ ರೂಬಿ ಡೇನಿಯಲ್ ಎಂಬ ಹೆಂಗಸು ತಮ್ಮ ಜೀವನ ಕಥೆ ಬರೆದರು. ಅದು 1995ರಲ್ಲಿ ಪುಸ್ತಕವಾಯಿತು.

1948ರಲ್ಲಿ ಇಸ್ರೇಲ್ ದೇಶ ಆಯಿತು. ಆ ನೆಲಕ್ಕಾಗಿ ಪ್ಯಾಲೆಸ್ತೀನಿನ ಅರಬ್ಬರ ಜೊತೆ ಶುರುವಾದ ಜಗಳ ಇನ್ನೂ ಮುಗಿದಿಲ್ಲ. ಆ ವಿಷಯದಲ್ಲಿ ಯೆಹೂದಿಗಳೊಳಗೂ ಒಂದೇ ಮಾತಿಲ್ಲ. ಭಾರತದ ಯೆಹೂದಿಗಳಲ್ಲಿ ಬಹಳ ಜನ ಅಲ್ಲಿಗೆ ಹೋದರು. ಆದರೆ ಅಲ್ಲಿನ ಧರ್ಮಗುರುಗಳು ಬೆನೆ ಇಸ್ರೇಲರ ಮೇಲೆ ಅನುಮಾನಪಟ್ಟರು. ನೀವು ನಿಜವಾಗಿ ಯೆಹೂದಿಗಳೇ ಅಂತ ಕೇಳಿದರು. ಮದುವೆಗೆ ಅಡ್ಡಿ ಮಾಡಿದರು. ಅಜ್ಜಿ ಮುತ್ತಜ್ಜಿಯರ ವಿಚಾರಣೆ ಆಗಬೇಕು ಎಂದರು. ಕೊಂಕಣದವರು ಸುಮ್ಮನಿರಲಿಲ್ಲ. ಹೆಂಗಸರು ಮಕ್ಕಳು ಸಮೇತ ಜೆರುಸಲೇಮಿನಲ್ಲಿ ಧರಣಿ ಕೂತರು. 1964ರಲ್ಲಿ ಅಲ್ಲಿನ ಸರ್ಕಾರ ಒಪ್ಪಿಕೊಂಡಿತು. ಬೆನೆ ಇಸ್ರೇಲರು ಎಲ್ಲ ರೀತಿಯಲ್ಲೂ ಯೆಹೂದಿಗಳೇ ಎಂದು ಸಾರಿತು.

ಗಾಣ ನಿಲ್ಲಿಸಿ ಶನಿವಾರವನ್ನು ಉಳಿಸಿಕೊಂಡವರು ಅವರು. ಪುಸ್ತಕ ಇಲ್ಲದಾಗಲೂ ಮರೆಯದವರು. ಸೀರೆ ಉಟ್ಟರು, ಮರಾಠಿ ಮಾತಾಡಿದರು ಅಂತ ಅವರ ಧರ್ಮ ಕಡಿಮೆಯಾದೀತೇ?

ನೀವೂ ಯೋಚಿಸಿ

ನಿಮ್ಮ ಊರಿನಲ್ಲಿ ಒಂದೇ ದೇವರಿಗೆ ಬೇರೆ ಬೇರೆ ರೀತಿ ನಡೆದುಕೊಳ್ಳುವವರು ಇದ್ದಾರೆಯೇ?

‘ನೀನು ನಮ್ಮವಳಲ್ಲ’ ಅಂತ ಯಾರನ್ನಾದರೂ ದೂರ ಇಟ್ಟಿದ್ದೇವೆಯೇ?

ನಿಮ್ಮ ತಾಯಿ ಹಾಡುತ್ತಿದ್ದ ಒಂದು ಹಾಡು ನೆನಪಿದೆಯೇ? ಈಗ ನಿಮಗೆ ಬರೆಯಲು ಬರುತ್ತದೆ. ಬರೆದಿಡಿ.