ಇಂಟರ್‌ನೆಟ್ ಇಲ್ಲದ ಕಂಪ್ಯೂಟರಿಗೆ ಕನ್ನಡ ಹಾಕೋದು ಹೇಗೆ? ಫಾರ್ಮ್ಯಾಟ್ ಮಾಡಿಸುವ ಮುನ್ನ ಓದಿ

ಅಂಗಡಿಯ ಬಿಲ್ ಕಂಪ್ಯೂಟರ್, ಡೇರಿ ಲೆಕ್ಕದ ಕಂಪ್ಯೂಟರ್, ಝೆರಾಕ್ಸ್ ಅಂಗಡಿಯ ಹಳೇ ಕಂಪ್ಯೂಟರ್. ಇಂಥ ಎಷ್ಟೋ ಕಡೆ ಇಂಟರ್‌ನೆಟ್ ಇರಲ್ಲ. ಕನ್ನಡ ಬೇಕು ಅಂದ್ರೆ 'ಫಾರ್ಮ್ಯಾಟ್ ಮಾಡಿ ಹೊಸ ವಿಂಡೋಸ್ ಹಾಕಬೇಕು' ಎಂಬ ಉತ್ತರ ಸಿಗುತ್ತೆ. ದುಡ್ಡು ಹೋಗೋದು ಒಂದು ಕಡೆಯಾದರೆ, ಬ್ಯಾಕಪ್ ಇಲ್ಲದಿದ್ದರೆ ವರ್ಷಗಳ ಉದ್ರಿ ಲೆಕ್ಕವೂ ಅಳಿಸಿ ಹೋಗುತ್ತೆ. ಅದರ ಅಗತ್ಯವೇ ಇಲ್ಲ.

ಟೈಪಿಂಗ್‌ಗೆ ಏನೂ ಹಾಕಬೇಕಿಲ್ಲ

ಕನ್ನಡ ಟೈಪ್ ಮಾಡೋದು ಬೇರೆ, ಮೆನು ಕನ್ನಡದಲ್ಲಿ ಕಾಣೋದು ಬೇರೆ. ಟೈಪಿಂಗ್‌ಗೆ ಬೇಕಾದ ಕೀಬೋರ್ಡ್ ಮತ್ತು ಫಾಂಟ್ ವಿಂಡೋಸ್ ಒಳಗೇ ಇವೆ. ವಿಂಡೋಸ್ 7ರಲ್ಲಿ ತುಂಗಾ, ವಿಂಡೋಸ್ 10ರಲ್ಲಿ ನಿರ್ಮಲಾ ಯುಐ ಫಾಂಟ್ ಇರುತ್ತೆ.

ವಿಂಡೋಸ್ 7ರಲ್ಲಿ ಕಂಟ್ರೋಲ್ ಪ್ಯಾನೆಲ್‌ನ 'ರೀಜನ್ ಅಂಡ್ ಲ್ಯಾಂಗ್ವೇಜ್' ತೆರೆದು, 'ಚೇಂಜ್ ಕೀಬೋರ್ಡ್ಸ್' ಒತ್ತಿ ಕನ್ನಡ ಸೇರಿಸಿ. ಆಲ್ಟ್ ಮತ್ತು ಶಿಫ್ಟ್ ಒಟ್ಟಿಗೆ ಒತ್ತಿದರೆ ಭಾಷೆ ಬದಲಾಗುತ್ತೆ. ಇದು ಇನ್‌ಸ್ಕ್ರಿಪ್ಟ್ ವಿನ್ಯಾಸ. 'ಅಕ್ಕಿ' ಬರೆಯಲು ಶಿಫ್ಟ್ ಹಿಡಿದು ಡಿ, ಆಮೇಲೆ ಶಿಫ್ಟ್ ಬಿಟ್ಟು ಕೆ, ಡಿ, ಕೆ, ಎಫ್.

ಮೆನು ಕನ್ನಡವಾಗಬೇಕಾದರೆ

ಇದಕ್ಕೆ ಮಾತ್ರ ಲ್ಯಾಂಗ್ವೇಜ್ ಪ್ಯಾಕ್ ಬೇಕು. ವಿಂಡೋಸ್ ಕೀ ಮತ್ತು ಆರ್ ಒತ್ತಿ 'ವಿನ್‌ವರ್' ಎಂದು ಇಂಗ್ಲಿಷಿನಲ್ಲಿ ಟೈಪ್ ಮಾಡಿದರೆ ಯಾವ ವಿಂಡೋಸ್ ಅಂತ ಗೊತ್ತಾಗುತ್ತೆ. 'ಮೈ ಕಂಪ್ಯೂಟರ್' ಪ್ರಾಪರ್ಟೀಸ್‌ನಲ್ಲಿ 32 ಬಿಟ್ಟಾ, 64 ಬಿಟ್ಟಾ ನೋಡಿಕೊಳ್ಳಿ. ಎರಡೂ ಬರೆದುಕೊಂಡು ಹೋಗಿ. ಒಂದಕ್ಕೆ ತಂದ ಫೈಲ್ ಇನ್ನೊಂದಕ್ಕೆ ಕೂರಲ್ಲ.

ವಿಂಡೋಸ್ 7ರ ಕನ್ನಡ ಪ್ಯಾಕ್ ಒಂದೇ ಫೈಲ್. ಇಂಟರ್‌ನೆಟ್ ಇರುವ ಕಡೆ ಪೆನ್‌ಡ್ರೈವ್‌ಗೆ ಹಾಕಿಸಿಕೊಂಡು ಬಂದು ಡಬಲ್ ಕ್ಲಿಕ್ ಮಾಡಿದರೆ ಸಾಕು. ವಿಂಡೋಸ್ 10ರಲ್ಲಿ ಪೆನ್‌ಡ್ರೈವ್ ದಾರಿ ಕಷ್ಟ. ಮೊಬೈಲನ್ನು ಯುಎಸ್‌ಬಿ ವೈರ್‌ನಲ್ಲಿ ಜೋಡಿಸಿ, ಟೆದರಿಂಗ್ ಆನ್ ಮಾಡಿ, ಸೆಟ್ಟಿಂಗ್ಸ್‌ನಲ್ಲಿ ಕನ್ನಡ ಭಾಷೆ ಇಳಿಸಿಕೊಳ್ಳೋದು ಸುಲಭ. ಒಮ್ಮೆ ಇಳಿಸಿದ ಮೇಲೆ ನೆಟ್ ಬೇಡ.

ಇಷ್ಟು ನೆನಪಿರಲಿ

ಪ್ಯಾಕ್ ಹಾಕಿದರೂ ಎಲ್ಲವೂ ಕನ್ನಡ ಆಗಲ್ಲ, ಕೆಲವು ಕಡೆ ಇಂಗ್ಲಿಷೇ ಉಳಿಯುತ್ತೆ. ಬಿಲ್ಲಿಂಗ್ ಸಾಫ್ಟ್‌ವೇರ್‌ನ ಭಾಷೆಯೂ ಇದರಿಂದ ಬದಲಾಗಲ್ಲ. ಅದು ಯೂನಿಕೋಡ್ ಒಪ್ಪಿದರೆ ಮಾತ್ರ ಬಿಲ್ಲಿನಲ್ಲಿ ಕನ್ನಡ ಬರುತ್ತೆ. ಕೊಳ್ಳುವ ಮುನ್ನ ಕೇಳಿ.

ವಿಂಡೋಸ್ 7ಕ್ಕೆ 2020ರ ಜನವರಿ 14ರಿಂದ ಕಂಪನಿಯ ಸುರಕ್ಷತಾ ಬೆಂಬಲ ನಿಂತಿದೆ. ಹಾಗಾಗಿ ಹೊರಗಿನಿಂದ ಬಂದ ಪೆನ್‌ಡ್ರೈವ್ ಸ್ಕ್ಯಾನ್ ಮಾಡದೆ ತೆರೆಯಬೇಡಿ. ಕೆಲಸ ಶುರು ಮಾಡುವ ಮೊದಲು ಲೆಕ್ಕದ ಒಂದು ಪ್ರತಿ ಬೇರೆ ಕಡೆ ಇಟ್ಟುಕೊಳ್ಳಿ.