ಕೋರ್ಟಿನ ಆಜ್ಞೆ ಮೀರಿದರೆ ದಾರಿ ಯಾವುದು?

ಕೊಯ್ಲಿನ ಕಾಲ ಬಂತೆಂದರೆ ನಮ್ಮ ಕಚೇರಿಗೆ ಬರುವ ಸದಸ್ಯರಲ್ಲಿ ಕೆಲವರಾದರೂ ಕೇಳುವ ಪ್ರಶ್ನೆ ಒಂದಿದೆ. “ಕೋರ್ಟಿನಿಂದ ಸ್ಟೇ ತಂದಿದ್ದೇನೆ. ಆದರೂ ಎದುರು ಪಾರ್ಟಿಯವರು ತೋಟಕ್ಕೆ ಇಳಿದು ಕೊನೆ ತೆಗೆದುಕೊಂಡು ಹೋದರು. ನ್ಯಾಯಾಂಗ ನಿಂದನೆ ಹಾಕಿ ಜೈಲಿಗೆ ಕಳಿಸಬಹುದಲ್ಲವೇ?” ಈ ವಿಷಯದಲ್ಲಿ ಬೆಳೆಗಾರ ಬಾಂಧವರು ತಿಳಿದಿರಬೇಕಾದ ಕೆಲವು ಸಂಗತಿಗಳನ್ನು ಇಲ್ಲಿ ಕೊಡುತ್ತಿದ್ದೇವೆ.

1971ರ ನ್ಯಾಯಾಲಯ ನಿಂದನೆ ಕಾಯಿದೆಯ ಪ್ರಕಾರ, ಕೋರ್ಟಿನ ಆಜ್ಞೆಯನ್ನು ಬೇಕೆಂದೇ ಮೀರುವುದು ಅಥವಾ ಕೋರ್ಟಿಗೆ ಬರೆದುಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮುರಿಯುವುದು ಸಿವಿಲ್ ನಿಂದನೆ. ‘ಬೇಕೆಂದೇ’ ಎಂಬ ಮಾತೇ ಇಲ್ಲಿ ಮುಖ್ಯ. ಆಜ್ಞೆ ತಿಳಿದಿರಲಿಲ್ಲವೆಂದು ಎದುರಾಳಿ ಹೇಳಿ, ತಿಳಿದಿತ್ತೆಂದು ತೋರಿಸಲು ನಮ್ಮ ಬಳಿ ಏನೂ ಇಲ್ಲದಿದ್ದರೆ ಅರ್ಜಿ ಬಿದ್ದುಹೋಗುತ್ತದೆ. ಶಿಕ್ಷೆ ಆರು ತಿಂಗಳವರೆಗಿನ ಸಾದಾ ಸಜೆ, ಇಲ್ಲವೆ 2,000 ರೂಪಾಯಿವರೆಗಿನ ದಂಡ, ಇಲ್ಲವೆ ಎರಡೂ. ಕ್ಷಮಾಪಣೆ ಕೋರ್ಟಿಗೆ ಒಪ್ಪಿಗೆಯಾದರೆ ಶಿಕ್ಷೆ ತಪ್ಪಲೂಬಹುದು. ದಂಡದ ಹಣ ಸರ್ಕಾರಕ್ಕೆ ಸೇರುತ್ತದೆ, ಹೋದ ಅಡಿಕೆಯ ಬೆಲೆ ಅದರಿಂದ ಬರುವುದಿಲ್ಲ.

ದಾವೆ ನಡೆಯುತ್ತಿರುವಾಗ ಕೆಳಗಿನ ಕೋರ್ಟು ಕೊಟ್ಟ ತಾತ್ಕಾಲಿಕ ತಡೆಯಾಜ್ಞೆಯನ್ನು ಮೀರಿದರೆ, ಅದೇ ಕೋರ್ಟಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39, ನಿಯಮ 2ಎ ಪ್ರಕಾರ ಅರ್ಜಿ ಕೊಡಬೇಕು. ಮೀರಿದವರ ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೂ ಕಳಿಸಬಹುದು. ಜಪ್ತಿ ಒಂದು ವರ್ಷ ಮೀರುವಂತಿಲ್ಲ. ಅಷ್ಟಾದರೂ ಅವಿಧೇಯತೆ ಮುಂದುವರಿದರೆ, ಆಸ್ತಿಯನ್ನು ಮಾರಿ ನೊಂದವರಿಗೆ ಪರಿಹಾರ ಕೊಡಿಸುವ ಅಧಿಕಾರ ಕೋರ್ಟಿಗಿದೆ.

ದಾವೆ ತೀರ್ಮಾನವಾಗಿ ಶಾಶ್ವತ ತಡೆಯಾಜ್ಞೆಯ ಡಿಕ್ರಿ ಆಗಿದ್ದರೆ ದಾರಿ ಬೇರೆ. ಆಗ ಆದೇಶ 21, ನಿಯಮ 32ರಂತೆ ಅಮಲ್ಜಾರಿ ಅರ್ಜಿ ಹಾಕಬೇಕು. ದೆಹಲಿಯ ಒಂದು ಸ್ವತ್ತಿನ ಸ್ವಾಧೀನದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2011ರಲ್ಲಿ ಇದನ್ನೇ ಹೇಳಿ, ನಿಂದನೆಗಾಗಿ ಹೈಕೋರ್ಟು ವಿಧಿಸಿದ್ದ ಶಿಕ್ಷೆಯನ್ನು ರದ್ದುಪಡಿಸಿತು. ದಾರಿ ತಪ್ಪಿದರೆ ವರ್ಷಗಟ್ಟಲೆ ಅಲೆದದ್ದು ನೀರಿನಲ್ಲಿ ಹೋಮ ಮಾಡಿದಂತೆ.

‘ಯಥಾಸ್ಥಿತಿ ಕಾಪಾಡತಕ್ಕದ್ದು’ ಎಂದಷ್ಟೇ ಇರುವ ಆಜ್ಞೆಯ ಬಗ್ಗೆ ವಿಶೇಷ ಎಚ್ಚರ ಬೇಕು. ತೋಟ ತನ್ನ ಸ್ವಾಧೀನದಲ್ಲಿದೆ ಎಂದು ಇಬ್ಬರೂ ಹೇಳುವಾಗ, ಕಾಫಿ ಕೊಯ್ಯುವವರು ಯಾರು? ನಿಂದನೆಯ ಅರ್ಜಿಯಲ್ಲಿ ಕೋರ್ಟು ಮೂಲ ಆಜ್ಞೆಯ ಎಲ್ಲೆ ಮೀರಿ ಹೊಸ ಹಕ್ಕನ್ನು ಕೊಡುವುದಿಲ್ಲ. ಆದ್ದರಿಂದ ಸರ್ವೆ ನಂಬರು, ಚಕ್ಕುಬಂದಿ, ಸ್ವಾಧೀನ ಯಾರದು, ಬೆಳೆ ಯಾರು ತೆಗೆಯಬೇಕು ಎಂಬುದೆಲ್ಲ ಸ್ಪಷ್ಟವಾಗಿರುವಂತೆ ಮೊದಲೇ ಆಜ್ಞೆ ಕೇಳಿಕೊಳ್ಳುವುದು ಜಾಣತನ.

ತೆರಿಗೆ ತಕರಾರಿಗೂ ಇದೇ ಮಾತು ಅನ್ವಯಿಸುತ್ತದೆ. ವಸೂಲಿಗೆ ಹೈಕೋರ್ಟು ತಡೆ ಕೊಟ್ಟಿದ್ದು, ಅದು ತಿಳಿದೂ ಅಧಿಕಾರಿ ಜಪ್ತಿಗೆ ಹೊರಟರೆ ಅದು ನಿಂದನೆಯಾಗಬಹುದು. ಆದರೆ ತೆರಿಗೆ ಹೆಚ್ಚಾಯಿತೆಂಬುದು ಮೇಲ್ಮನವಿಯ ವಿಷಯ, ನಿಂದನೆಯದಲ್ಲ. ತಡೆಯಾಜ್ಞೆಯಿಂದ ಮೂಲ ಆದೇಶ ಅಳಿಸಿಹೋಗುವುದಿಲ್ಲ, ಅದರ ಜಾರಿ ಮಾತ್ರ ನಿಲ್ಲುತ್ತದೆಂದು ಸುಪ್ರೀಂ ಕೋರ್ಟು 1992ರಲ್ಲಿ ಸ್ಪಷ್ಟಪಡಿಸಿದೆ. ಇಷ್ಟು ಹಣ ಠೇವಣಿ ಇಡಬೇಕೆಂಬ ಷರತ್ತಿದ್ದು ನಾವೇ ಇಡದಿದ್ದರೆ, ತಡೆಯ ಆಸರೆ ತಪ್ಪಬಹುದು. ಕಂತಿನಲ್ಲಿ ಕಟ್ಟುತ್ತೇವೆಂದು ಕೋರ್ಟಿಗೆ ಮುಚ್ಚಳಿಕೆ ಕೊಟ್ಟು ಬೇಕೆಂದೇ ತಪ್ಪಿದರೆ ನಿಂದನೆಯ ಆರೋಪ ನಮ್ಮ ಮೇಲೆಯೇ ಬರುತ್ತದೆ.

ಹಾಗಾದರೆ ಸದಸ್ಯರು ಮಾಡಬೇಕಾದುದೇನು? ಆಜ್ಞೆಯಾದ ಕೂಡಲೇ ದೃಢೀಕೃತ ನಕಲು ಪಡೆಯಿರಿ. ಎದುರಾಳಿಗೂ ಸಂಬಂಧಪಟ್ಟ ಅಧಿಕಾರಿಗೂ ಅದನ್ನು ತಲುಪಿಸಿ, ಸ್ವೀಕೃತಿಯನ್ನು ಜೋಪಾನವಾಗಿಡಿ. ಆಜ್ಞೆ ಮೀರಿದ ದಿನ, ಹೊತ್ತು, ಕಂಡವರ ಹೆಸರು, ಹೋದ ಫಸಲಿನ ಅಂದಾಜನ್ನು ಅಂದೇ ಬರೆದಿಡಿ, ಫೋಟೋ ತೆಗೆಸಿ. ನಿಂದನೆಯ ಅರ್ಜಿಗೆ ಒಂದು ವರ್ಷದ ಗಡುವಿದೆ ಎಂಬುದನ್ನು ಮರೆಯಬೇಡಿ. ಫಸಲಿನ ನಷ್ಟಕ್ಕೆ ಪ್ರತ್ಯೇಕವಾಗಿ ಕೇಳಿಕೊಳ್ಳಿ.

ಎಲ್ಲಕ್ಕಿಂತ ಮುಖ್ಯವಾಗಿ, ಕತ್ತಿ ಹಿಡಿದು ತೋಟಕ್ಕೆ ಇಳಿಯಬೇಡಿ. ಕೋರ್ಟು ಕೊಟ್ಟ ಕಾಗದದ ಬಲ ಆ ಗಳಿಗೆಯಲ್ಲೇ ಕೈಬಿಟ್ಟು ಹೋಗುತ್ತದೆ. ಆಜ್ಞೆಯ ನಕಲನ್ನು ಹಿಡಿದು ಮೊದಲು ನಿಮ್ಮ ವಕೀಲರನ್ನು ಕಾಣಿರೆಂದು ನಮ್ಮ ವಿನಂತಿ.